ಅರಳೆಯನ್ನು ಕೊಳೆಯೆಂದು ಒರೆಸಿದವರಿಗೆ ಒಂದು ಬಹಿರಂಗ ಪತ್ರ

ದಾವಣಗೆರೆಯ ಹತ್ತಿ ಗಿರಣಿಗಳ ಕುರಿತು ಸಾಕ್ಷ್ಯಚಿತ್ರ ತಯಾರಿಸಿದ ನಿರ್ದೇಶಕರಿಗೆ ಹಾಗೂ ನಿರ್ಮಾಪಕರಿಗೆ,

ಮಾನ್ಯರೇ,

ನಮಸ್ಕಾರ. ನಿಮ್ಮ ಹೆಸರನ್ನಾಗಲಿ, ಚಿತ್ರದ ಹೆಸರನ್ನಾಗಲಿ ನಾನು ಇಲ್ಲಿ ಬರೆಯುವುದಿಲ್ಲ. ಓದಿದ ಕೂಡಲೇ ಇದು ನಮಗೇ ಬರೆದದ್ದು ಎಂದು ನಿಮಗೆ ತಿಳಿಯುತ್ತದೆ, ನನಗೆ ಅಷ್ಟು ಸಾಕು. ಮೂರು ಸಲ ಫೋನ್ ಮಾಡಿದ್ದೆ, ಒಂದು ರಿಜಿಸ್ಟರ್ಡ್ ಪತ್ರ ಕಳಿಸಿದ್ದೆ. ‘ಎಡಿಟರ್ ಜೊತೆ ಮಾತನಾಡಿ ತಿಳಿಸುತ್ತೇವೆ ಸರ್’ ಎಂದು ನಿಮ್ಮ ಕಚೇರಿಯ ಹುಡುಗ ಹೇಳಿ ನಾಲ್ಕು ತಿಂಗಳಾಯಿತು. ಎಡಿಟರ್ ಇನ್ನೂ ಸಿಕ್ಕಿಲ್ಲವೆಂದು ಕಾಣುತ್ತದೆ. ಆದ್ದರಿಂದ ನಾಲ್ಕು ಜನ ಓದುವ ಹಾಗೆ ಬರೆಯುತ್ತಿದ್ದೇನೆ.

ನಾನು 1987ರಿಂದ ದಾವಣಗೆರೆಯಲ್ಲಿ ವಿಡಿಯೊ ತೆಗೆದುಕೊಂಡು ಬಂದವನು. ಮದುವೆ, ಗೃಹಪ್ರವೇಶ, ಶಾಲೆಯ ವಾರ್ಷಿಕೋತ್ಸವ, ಎರಡು ವರ್ಷಕ್ಕೊಮ್ಮೆ ದುಗ್ಗಮ್ಮನ ಜಾತ್ರೆ. ಸಾಲ ಮಾಡಿ ಕೊಂಡ ಪ್ಯಾನಾಸಾನಿಕ್ ಎಂ-7 ಕ್ಯಾಮೆರಾ ಹೆಗಲೇರಿತೆಂದರೆ ಕಲ್ಯಾಣ ಮಂಟಪದಲ್ಲಿ ಮದುಮಗನಿಗಿಂತ ಮೊದಲು ನನಗೆ ದಾರಿ ಬಿಡುತ್ತಿದ್ದರು. ಈಗ ಅಂಗಡಿಯಲ್ಲಿ ಝೆರಾಕ್ಸ್ ಯಂತ್ರವಿದೆ, ಪಾಸ್‌ಪೋರ್ಟ್ ಫೋಟೊ ತೆಗೆಯುತ್ತೇನೆ. ಹಳೆಯ ಕ್ಯಾಸೆಟ್ಟುಗಳು ಮನೆಯ ಅಟ್ಟದ ಮೇಲೆ ಮೂರು ಟ್ರಂಕುಗಳಲ್ಲಿವೆ. ಮಳೆಗಾಲ ಕಳೆದ ಮೇಲೆ ಅವನ್ನು ಇಳಿಸಿ, ಒಂದೊಂದನ್ನೂ ಕೊನೆಯವರೆಗೆ ಸುತ್ತಿ, ಮತ್ತೆ ಹಿಂದಕ್ಕೆ ಸುತ್ತಿ ಇಡುತ್ತೇನೆ. ಬಿಟ್ಟರೆ ಟೇಪಿನ ಸುತ್ತುಗಳು ಒಂದಕ್ಕೊಂದು ಅಂಟಿಕೊಳ್ಳುತ್ತವೆ, ಅಂಚಿಗೆ ಬಿಳಿ ಬೂಷ್ಟು ಹಿಡಿಯುತ್ತದೆ. ನನ್ನ ಹೆಂಡತಿ ಇದಕ್ಕೆ ‘ಹಿರಿಯರ ಪೂಜೆ’ ಎಂದು ಹೆಸರಿಟ್ಟಿದ್ದಾಳೆ.

ನೀವು ನಮ್ಮ ಮನೆಗೆ ಬಂದ ದಿನ ನನಗೆ ನಿಜವಾಗಿಯೂ ಸಂತೋಷವಾಗಿತ್ತು. ಒಂದು ಕಾಲಕ್ಕೆ ಕರ್ನಾಟಕದ ಮ್ಯಾಂಚೆಸ್ಟರ್ ಎನಿಸಿಕೊಂಡ ಊರು ಇದು. ಎಂಬತ್ತು, ತೊಂಬತ್ತರ ದಶಕಗಳಲ್ಲಿ ಮಿಲ್ಲುಗಳು ಒಂದೊಂದಾಗಿ ಬಾಗಿಲು ಹಾಕಿದವು. ಸೈರನ್ನಿಗೆ ಗಡಿಯಾರ ಸರಿಮಾಡಿಕೊಳ್ಳುತ್ತಿದ್ದ ಮನೆಗಳಿಗೆ ಹೊತ್ತು ತಿಳಿಯದಂತಾಯಿತು. ಈಗಿನ ಹುಡುಗರಿಗೆ ನಮ್ಮೂರೆಂದರೆ ಬೆಣ್ಣೆ ದೋಸೆ ಮಾತ್ರ. ಇದರ ಮೇಲೆ ಚಿತ್ರ ಮಾಡಲು ಒಬ್ಬರು ಬಂದರಲ್ಲ ಎಂದು ನಾನೇ ಏಣಿ ಹತ್ತಿ ‘ಮಿಲ್ ಗೇಟ್ – 2’ ಎಂದು ಬರೆದಿದ್ದ ಕ್ಯಾಸೆಟ್ ಇಳಿಸಿಕೊಟ್ಟೆ. 1990ರ ನವೆಂಬರಿನ 11 ನಿಮಿಷಗಳ ಚಿತ್ರಣ. ಮೊದಲಿನ ನಲವತ್ತು ಸೆಕೆಂಡು ಬೆಳಗಿನ ಪಾಳಿ ಮುಗಿಸಿದವರು ಬ್ಯಾನರ್ ಹಿಡಿದು ಗೇಟಿನಿಂದ ಹೊರಬರುವುದು. ಉಳಿದದ್ದು ಭಾಷಣ. ರಸೀದಿ ಕೇಳಲಿಲ್ಲ, ಹಣ ಕೇಳಲಿಲ್ಲ. ನೀವು ಕಾಲಿಗೆ ನಮಸ್ಕರಿಸಿದಿರಿ. ಅದೇ ರಸೀದಿ ಎಂದುಕೊಂಡೆ.

ನಮ್ಮೂರಿನ ಪ್ರದರ್ಶನಕ್ಕೆ ನಾನು ಒಬ್ಬನೇ ಬರಲಿಲ್ಲ. ಬ್ಯಾನರಿನ ಎಡಗೋಲು ಹಿಡಿದಿದ್ದವರ ಹೆಂಡತಿಯನ್ನು ಆಟೊದಲ್ಲಿ ಕರೆದುಕೊಂಡು ಬಂದಿದ್ದೆ. ಗಂಡ ತೀರಿಕೊಂಡ ಮೇಲೆ ಆಕೆ ವರ್ಷಕ್ಕೊಮ್ಮೆ ನಮ್ಮ ಅಂಗಡಿಗೆ ಬಂದು ಆ ನಲವತ್ತು ಸೆಕೆಂಡು ನೋಡಿಕೊಂಡು ಹೋಗುತ್ತಿದ್ದರು. ಅವರ ಮನೆಯಲ್ಲಿ ಮದುವೆಯ ಫೋಟೊ ಒಂದನ್ನು ಬಿಟ್ಟರೆ ಅವರದು ಬೇರೆ ಚಿತ್ರವಿಲ್ಲ; ನಡೆಯುವ ಚಿತ್ರವಂತೂ ಇದೊಂದೇ. ಕ್ಯಾಸೆಟ್ ಓಡಿಸುವ ನನ್ನ ವಿಸಿಆರ್ ಕೆಟ್ಟು ಹತ್ತು ವರ್ಷವಾಯಿತು. ರಿಪೇರಿಗೆ ಟೇಪು ಓದುವ ಹೆಡ್ ಸಿಗಲಿಲ್ಲ. ಹೊಸದನ್ನು ಕೊಳ್ಳೋಣವೆಂದರೆ, ಜಗತ್ತಿನಲ್ಲಿ ಕೊನೆಯದಾಗಿ ವಿಸಿಆರ್ ತಯಾರಿಸುತ್ತಿದ್ದ ಜಪಾನಿನ ಫುನಾಯ್ ಕಂಪನಿಯೂ 2016ರ ಜುಲೈನಲ್ಲಿ ಕೈಬಿಟ್ಟಿತ್ತು. ಹಾಗಾಗಿ ಆಕೆ ಗಂಡನನ್ನು ನೋಡದೆ ಹತ್ತು ವರ್ಷವಾಗಿತ್ತು. ಹೊಸ ಸೀರೆ ಉಟ್ಟು ಬಂದಿದ್ದರು.

ದೃಶ್ಯ ಬಂತು. ಗೇಟು ತೆರೆಯಿತು, ಬ್ಯಾನರ್ ಬಂತು, ಜನ ಬಂದರು, ಹೋದರು. ಎಲ್ಲ ಫಳಫಳ ಹೊಳೆಯುತ್ತಿತ್ತು. ದೃಶ್ಯ ಮುಗಿದು ಪರದೆಯ ಮೇಲೆ ಯಾರೋ ಪ್ರಾಧ್ಯಾಪಕರು ಮಾತನಾಡಲು ಶುರುಮಾಡಿದ ಮೇಲೆ ಆಕೆ ನನ್ನ ಕಡೆ ಬಾಗಿ, ‘ಇನ್ನೂ ಬರಲಿಲ್ಲವೇನಪ್ಪಾ ಅವರು?’ ಎಂದು ಕೇಳಿದರು.

ನಾನು ಏನು ಹೇಳಲಿ? ಅವರು ಬಂದು ಹೋಗಿದ್ದರು, ನಿಮ್ಮ ಕೈಯಲ್ಲಿ ಗುರುತು ಸಿಗದಂತೆ ಆಗಿ ಹೋಗಿದ್ದರು.

ಏನಾಗಿದೆ ಎಂದು ನನಗೆ ಮನೆಗೆ ಬಂದು ಯೋಚಿಸಿದಾಗ ತಿಳಿಯಿತು. ನನ್ನ ಕ್ಯಾಸೆಟ್ಟಿನಂಥ ವಿಎಚ್‌ಎಸ್ ಟೇಪಿನಲ್ಲಿ ಅಡ್ಡಕ್ಕೆ ಹಿಡಿಯುವ ವಿವರ ಸುಮಾರು 240 ಗೆರೆಗಳಷ್ಟು. ಗೇಟಿನ ಅಗಲಕ್ಕೆ ಮೂವತ್ತು ಜನ ಬರುವಾಗ ಒಂದೊಂದು ಮುಖಕ್ಕೆ ದಕ್ಕುವುದು ಹೆಚ್ಚೆಂದರೆ ಹತ್ತು ಹನ್ನೆರಡು ಚುಕ್ಕೆ. ಬಲ್ಲವರಿಗೆ ಅಷ್ಟು ಸಾಕು. ಹೆಂಡತಿಗೆ ಗಂಡ ಹೆಗಲು ತಗ್ಗಿಸಿ ನಡೆಯುವ ರೀತಿ ಸಾಕು. ಆದರೆ ನಿಮಗೆ ಇಂದಿನ ಪರದೆಗೆ ಹೊಂದುವ ಚಿತ್ರ ಬೇಕಾಗಿತ್ತು, ಕೃತಕ ಬುದ್ಧಿಮತ್ತೆಯ ತಂತ್ರಾಂಶಕ್ಕೆ ಕೊಟ್ಟಿರಿ. ಹನ್ನೆರಡು ಚುಕ್ಕೆಯಲ್ಲಿ ಇಲ್ಲದ ಹುಬ್ಬು, ರೆಪ್ಪೆ, ಹಲ್ಲು ಅದಕ್ಕೆ ಎಲ್ಲಿಂದ ಸಿಗಬೇಕು? ತಾನು ಬೇರೆಡೆ ಕಂಡ ಸಾವಿರಾರು ಮುಖಗಳಿಂದ ಎರವಲು ತಂದು ಹಚ್ಚಿತು. ನೀವು ಅದನ್ನು ‘ಸ್ಪಷ್ಟಗೊಳಿಸಿದ ದೃಶ್ಯ’ ಎಂದಿರಿ. ಸ್ಪಷ್ಟವಾಗಿರುವುದು ಯಾರೋ ಬೇರೆಯವರು.

ಇದಕ್ಕಿಂತ ದೊಡ್ಡ ಕೆಲಸ ಇನ್ನೊಂದು ಮಾಡಿದ್ದೀರಿ. ನನ್ನ ಟೇಪಿನಲ್ಲಿ ಆ ಜನರ ತಲೆ ಬೆಳ್ಳಗಿದೆ. ಮೂವತ್ತರ ಹರೆಯದವರು ಅರವತ್ತರ ಮುದುಕರಂತೆ ಕಾಣುತ್ತಾರೆ. ಮೀಸೆ ಬಿಳಿ, ಹುಬ್ಬು ಬಿಳಿ, ಅಂಗಿಯ ಹೆಗಲು ಬಿಳಿ. ಅದು ಅರಳೆ. ಎಂಟು ಗಂಟೆ ನೂಲಿನ ಯಂತ್ರಗಳ ನಡುವೆ ನಿಂತವರ ಮೇಲೆ ಕೂತ ಹತ್ತಿಯ ನವಿರು. ಹೊರಗೆ ಬಂದವರು ಮೊದಲು ಮಾಡುತ್ತಿದ್ದ ಕೆಲಸ ಟವೆಲ್ಲಿನಿಂದ ತಲೆ ಕೊಡವಿಕೊಳ್ಳುವುದು. ಟೇಪಿನಲ್ಲಿ ಒಬ್ಬರು ಹಾಗೆ ಕೊಡವಿದಾಗ ಹಿಂದಿನವರು ಮುಖ ತಿರುಗಿಸುವುದೂ ಕಾಣುತ್ತದೆ. ನಿಮ್ಮ ತಂತ್ರಾಂಶ ಆ ಬಿಳಿಯನ್ನು ಹಳೆಯ ಟೇಪಿನ ಕೊಳೆ ಎಂದು ತಿಳಿದು ಒರೆಸಿಹಾಕಿದೆ. ನಿಮ್ಮ ಚಿತ್ರದಲ್ಲಿ ಕಾರ್ಮಿಕರು ಎಣ್ಣೆ ಹಚ್ಚಿ ಕಪ್ಪಗೆ ಕ್ರಾಪು ಬಾಚಿಕೊಂಡು ಪಾಳಿಯಿಂದ ಬರುತ್ತಾರೆ. ಟವೆಲ್ ಕೊಡವಿದವರು ಗಾಳಿಗೆ ಕೊಡವಿದ್ದಾರೆ.

ಹತ್ತಿಯ ಧೂಳು ವರ್ಷಗಟ್ಟಲೆ ಎದೆಗಿಳಿದರೆ ಬರುವ ಕಾಯಿಲೆಗೆ ಬಿಸಿನೋಸಿಸ್ ಎನ್ನುತ್ತಾರೆ. ವಾರದ ರಜೆ ಕಳೆದು ಮತ್ತೆ ಕೆಲಸಕ್ಕೆ ಹೋದ ಮೊದಲ ದಿನ ಎದೆ ಬಿಗಿಯುವುದು ಅದರ ಲಕ್ಷಣ. ಬರುಬರುತ್ತಾ ಎಲ್ಲ ದಿನಕ್ಕೂ ಹಬ್ಬುತ್ತದೆ. ಎಡಗೋಲು ಹಿಡಿದವರು ಐವತ್ತೆರಡಕ್ಕೆ ಕೆಮ್ಮಿ ಕೆಮ್ಮಿ ಹೋದರು. ಯಾವ ಕಾಗದದಲ್ಲೂ ಯಾರೂ ಆ ಕಾಯಿಲೆಯ ಹೆಸರು ಬರೆದುಕೊಡಲಿಲ್ಲ. ಇದ್ದ ದಾಖಲೆ ಎಂದರೆ ಅವರ ತಲೆಯ ಮೇಲಿನ ಬಿಳಿ. ನಿಮ್ಮ ಚಿತ್ರದ ನಿರೂಪಕರು ಇದೇ ಕಾಯಿಲೆಯ ಬಗ್ಗೆ ಗಂಭೀರ ದನಿಯಲ್ಲಿ ಎರಡು ನಿಮಿಷ ಮಾತನಾಡುತ್ತಾರೆ. ಮಾತಿನಲ್ಲಿ ಧೂಳು ಇದೆ, ಚಿತ್ರದಲ್ಲಿ ಒರೆಸಿದ್ದೀರಿ.

ಇನ್ನು ದಿನಾಂಕದ ಮಾತು. ನನ್ನ ಚಿತ್ರಣ ಹಳೆಯ ಟಿವಿಯ ಆಕಾರದ್ದು, ನಾಲ್ಕಕ್ಕೆ ಮೂರು. ಅದನ್ನು ಈಗಿನ ಹದಿನಾರಕ್ಕೆ ಒಂಬತ್ತರ ಚೌಕಟ್ಟಿನ ತುಂಬ ಕೂರಿಸಬೇಕಾದರೆ ಮೇಲೆ ಕೆಳಗೆ ಸೇರಿ ಕಾಲು ಭಾಗ ಕತ್ತರಿಸಬೇಕು. ಕತ್ತರಿಸಿದ್ದೀರಿ. ಮೇಲಿನ ತುಂಡಿನಲ್ಲಿ ಚಿಮಣಿಯ ತುದಿ ಹೋಯಿತು, ಕೆಳಗಿನ ತುಂಡಿನಲ್ಲಿ ಕ್ಯಾಮೆರಾ ತಾನೇ ಮುದ್ರಿಸಿದ್ದ ದಿನಾಂಕ ಹೋಯಿತು. ಅಕ್ಕಪಕ್ಕ ಕಪ್ಪು ಪಟ್ಟಿ ಬಿಟ್ಟು ತೋರಿಸಿದ್ದರೆ ಯಾರೂ ಬಯ್ಯುತ್ತಿರಲಿಲ್ಲ. ಕತ್ತರಿಸಿದ ಜಾಗದಲ್ಲಿ ನೀವು ಬರೆದದ್ದೇನು? ‘ದಾವಣಗೆರೆ ಜಿಲ್ಲೆ, 1982’. ಸ್ವಾಮಿ, ದಾವಣಗೆರೆ ಜಿಲ್ಲೆಯಾದದ್ದು 1997ರಲ್ಲಿ. ಅದಕ್ಕೂ ಮುಂಚೆ ನಾವು ಚಿತ್ರದುರ್ಗ ಜಿಲ್ಲೆಯವರು. ಸಣ್ಣ ಸಹಿಗೂ ದುರ್ಗದ ಬಸ್ಸು ಹತ್ತುತ್ತಿದ್ದವರು. ಯಾರನ್ನು ಕೇಳಿದ್ದರೂ ಹೇಳುತ್ತಿದ್ದರು.

1982 ಏಕೆ ಬಂತು ಎಂಬುದೂ ಮುಂದಿನ ದೃಶ್ಯದಲ್ಲೇ ಗೊತ್ತಾಯಿತು. ನನ್ನ ನಲವತ್ತು ಸೆಕೆಂಡಿಗೆ ಅಂಟಿಸಿಕೊಂಡು ದೊಡ್ಡ ಜನಸಾಗರದ ಮೆರವಣಿಗೆ ಬರುತ್ತದೆ. ಅದೇ ಶೀರ್ಷಿಕೆ, ಅದೇ ಸಂಗೀತ. ಜನರ ಹಿಂದೆ ಒಂದು ಡಬಲ್ ಡೆಕ್ಕರ್ ಬಸ್ಸು ಹಾದುಹೋಗುತ್ತದೆ. ಸಭಾಂಗಣದಲ್ಲಿ ಹಿಂದಿನ ಸಾಲಿನವರು ನಕ್ಕದ್ದು ನಿಮಗೂ ಕೇಳಿಸಿರಬೇಕು. ದಾವಣಗೆರೆಯಲ್ಲಿ ಯಾವ ಕಾಲಕ್ಕೂ ಅಂಥ ಬಸ್ಸು ಓಡಿಲ್ಲ; ಅಶೋಕ ಟಾಕೀಸಿನ ಪಕ್ಕದ ರೈಲ್ವೆ ಗೇಟಿನಲ್ಲಿ ಒಂದಂತಸ್ತಿನ ಬಸ್ಸು ನಿಂತರೇ ಊರು ಅರ್ಧ ನಿಲ್ಲುತ್ತಿತ್ತು. ಅಂಗಡಿಯ ಫಲಕದಲ್ಲಿ ಮರಾಠಿ. ಅದು ಮುಂಬಯಿ. 1982ರ ಜನವರಿಯಲ್ಲಿ ದತ್ತಾ ಸಾಮಂತ್ ಅವರ ನೇತೃತ್ವದಲ್ಲಿ ಸುಮಾರು ಎರಡೂವರೆ ಲಕ್ಷ ಗಿರಣಿ ಕಾರ್ಮಿಕರು ಕೆಲಸ ನಿಲ್ಲಿಸಿದರಲ್ಲ, ಆ ಮುಷ್ಕರದ ಚಿತ್ರಣ. ಅದನ್ನು ತೋರಿಸಬಾರದೆಂದು ನಾನು ಹೇಳುವುದಿಲ್ಲ. ಮುಂಬಯಿಯಲ್ಲಿ ಹೀಗಾಯಿತು, ನಮ್ಮಲ್ಲಿ ಹೀಗಾಯಿತು ಎಂದು ಪಕ್ಕಪಕ್ಕ ಇಟ್ಟಿದ್ದರೆ ಚಿತ್ರಕ್ಕೆ ತೂಕವೇ ಬರುತ್ತಿತ್ತು. ನಮ್ಮ ಮೆರವಣಿಗೆಯಲ್ಲಿ ಜನ ಕಡಿಮೆ ಎನಿಸಿತೇ ನಿಮಗೆ? ಇದ್ದದ್ದು ಅಷ್ಟೇ ಜನ. ಆ ದಿನ ಮುನ್ನೂರು ಜನ ಬಂದದ್ದೇ ದೊಡ್ಡದು. ಉಳಿದವರಿಗೆ ಕೆಲಸ ಹೋಗುವ ಭಯವಿತ್ತು. ಪಂಪಾಪತಿಯವರಂಥ ಕಮ್ಯುನಿಸ್ಟ್ ನಾಯಕರನ್ನು ವಿಧಾನಸಭೆಗೆ ಕಳಿಸಿದ ಊರಿನ ಕಥೆ ಹೇಳಲು ಸಾಲ ತಂದ ಜನಸಂದಣಿ ಬೇಕಾಗಿರಲಿಲ್ಲ.

ಘೋಷಣೆಗಳ ಸದ್ದನ್ನೂ ಬದಲಿಸಿದ್ದೀರಿ. ಅದರ ಬಗ್ಗೆ ಹೆಚ್ಚು ಹೇಳುವುದಿಲ್ಲ. ಮೂಲದಲ್ಲಿ ಒಂದು ಕಡೆ ‘ಬ್ಯಾಟರಿ ಮುಗಿಯುತ್ತಿದೆ’ ಎಂದು ನನ್ನ ದನಿಯೂ ಇದೆ, ಅದು ಹೋದದ್ದಕ್ಕೆ ನನಗೆ ದುಃಖವಿಲ್ಲ.

ಹಳೆಯ ದೃಶ್ಯಗಳನ್ನು ಹೊಸ ಚಿತ್ರದಲ್ಲಿ ಬಳಸುವುದು ಇಂದಿನ ಮಾತಲ್ಲ, ಅದರಲ್ಲಿ ಎಡವುವುದೂ ಇಂದಿನದಲ್ಲ. ರಷ್ಯಾದ ಕ್ರಾಂತಿಯಲ್ಲಿ ಜನ ಚಳಿಗಾಲದ ಅರಮನೆಗೆ ನುಗ್ಗಿದ ದೃಶ್ಯವೆಂದು ಎಷ್ಟೋ ಕಡೆ ತೋರಿಸುವುದು ಚಿತ್ರ ನಿರ್ದೇಶಕ ಐಸೆನ್‌ಸ್ಟೈನ್ ಹತ್ತು ವರ್ಷದ ಮೇಲೆ ಜನ ಸೇರಿಸಿ ಚಿತ್ರೀಕರಿಸಿದ ನಟನೆಯನ್ನು. ಒಮ್ಮೆ ಶೀರ್ಷಿಕೆ ಕಳಚಿತೆಂದರೆ ನಟನೆಯೂ ಸಾಕ್ಷಿಯಾಗಿ ಓಡಾಡುತ್ತದೆ. ನಮ್ಮ ಹತ್ತಿರದ್ದೇ ಹೇಳುವುದಾದರೆ, ದುರ್ಗದ ಕೋಟೆ 1972ರಲ್ಲಿ ಹೇಗಿತ್ತು ಎಂದು ತೋರಿಸಲು ಪುಟ್ಟಣ್ಣ ಕಣಗಾಲರ ‘ನಾಗರಹಾವು’ ಚಿತ್ರದ ತುಣುಕು ಬಳಸಿದರೆ ತಪ್ಪೇನಿಲ್ಲ. ಅಲ್ಲಿನ ಬಂಡೆ ನಿಜ, ಬುರುಜು ನಿಜ. ಆದರೆ ಬಂಡೆಯ ಮೇಲೆ ನಿಂತ ರಾಮಾಚಾರಿ ಕಥೆಯವನು ಎಂದು ನೋಡುವವನಿಗೆ ಗೊತ್ತಿರಬೇಕು.

ಬಣ್ಣ ಹಚ್ಚುವುದು, ವೇಗ ಸರಿಪಡಿಸುವುದು ಮಹಾಪರಾಧ ಎಂದು ವಾದಿಸುವ ಶುದ್ಧಾಚಾರಿ ನಾನಲ್ಲ. ಸೆಕೆಂಡಿಗೆ ಹದಿನಾರೋ ಹದಿನೆಂಟೋ ಚೌಕಟ್ಟಿನಂತೆ ತೆಗೆದ ಮೂಕಿ ಕಾಲದ ದೃಶ್ಯಗಳನ್ನು ಇಪ್ಪತ್ನಾಲ್ಕರ ವೇಗದಲ್ಲಿ ಓಡಿಸಿ, ಆ ಕಾಲದ ಜನರೆಲ್ಲ ಪಟಪಟ ಓಡುವ ಬೊಂಬೆಗಳೆಂದು ನಗುವುದಕ್ಕಿಂತ ವೇಗ ಸರಿಪಡಿಸುವುದೇ ಮರ್ಯಾದೆ. 2018ರಲ್ಲಿ ನ್ಯೂಜಿಲೆಂಡಿನ ಪೀಟರ್ ಜಾಕ್ಸನ್ ಲಂಡನ್ನಿನ ಇಂಪೀರಿಯಲ್ ವಾರ್ ಮ್ಯೂಸಿಯಂನಲ್ಲಿದ್ದ ಮೊದಲ ಮಹಾಯುದ್ಧದ ದೃಶ್ಯಗಳಿಗೆ ವೇಗ ಹೊಂದಿಸಿ, ಬಣ್ಣ ಹಚ್ಚಿ, ತುಟಿಯ ಚಲನೆ ಓದಬಲ್ಲವರಿಂದ ಸೈನಿಕರ ಮಾತು ಹಿಡಿಸಿ ಚಿತ್ರ ಮಾಡಿದರು. ಅದರ ಬಗ್ಗೆಯೂ ತಕರಾರು ಎದ್ದವು. ಆದರೆ ತಾವು ಏನು ಸೇರಿಸಿದ್ದೇವೆ ಎಂಬುದನ್ನು ಅವರು ಮುಚ್ಚಿಡಲಿಲ್ಲ, ಮೂಲ ಸುರುಳಿಗಳು ಮ್ಯೂಸಿಯಂನಲ್ಲಿ ಇದ್ದ ಹಾಗೆಯೇ ಇವೆ. ಅನುಮಾನ ಬಂದವರು ಹೋಗಿ ನೋಡಬಹುದು.

ನನ್ನ ಟೇಪಿನ ವಿಷಯದಲ್ಲಿ ಹಾಗೆ ಹೋಗಿ ನೋಡಲು ಮೂಲವೇ ಇಲ್ಲವಾಗಿದೆ. ನನ್ನ ಪತ್ರದ ಮುಖ್ಯ ಸಂಗತಿ ಇದು, ದಯವಿಟ್ಟು ಗಮನವಿಟ್ಟು ಓದಿ. ನೀವು ಬೆಂಗಳೂರಿನಲ್ಲಿ ಡಿಜಿಟಲ್‌ಗೆ ಇಳಿಸಿಕೊಂಡು ಕೊರಿಯರ್‌ನಲ್ಲಿ ಮರಳಿಸಿದ ಕ್ಯಾಸೆಟ್ಟಿನ ಮುಚ್ಚಳ ಎತ್ತಿ ನೋಡಿದೆ. ಯಂತ್ರ ಟೇಪನ್ನು ಅಗಿದಿದೆ. ಆರಂಭದಲ್ಲೇ ಒಂದು ಮೀಟರಿನಷ್ಟು ಉದ್ದ ಕೊಡೆಯ ಬಟ್ಟೆಯಂತೆ ಮಡಿಕೆ ಬಿದ್ದಿದೆ, ಎರಡು ಕಡೆ ಹರಿದಿದೆ. ಒಂದು ಮೀಟರ್ ತಾನೇ ಎನ್ನಬೇಡಿ. ವಿಎಚ್‌ಎಸ್ ಟೇಪು ಸೆಕೆಂಡಿಗೆ ಎರಡೂಕಾಲು ಸೆಂಟಿಮೀಟರಿಗಿಂತ ತುಸು ಹೆಚ್ಚು ಓಡುತ್ತದೆ ಅಷ್ಟೆ. ಒಂದು ಮೀಟರ್ ಎಂದರೆ ನಲವತ್ತು ಸೆಕೆಂಡು. ಯಾವ ನಲವತ್ತು ಸೆಕೆಂಡು ಎಂದು ಬಿಡಿಸಿ ಹೇಳಬೇಕಾಗಿಲ್ಲ. ಯಂತ್ರ ಟೇಪು ತಿನ್ನುವುದು ಯಾರ ಕೈಯಲ್ಲೂ ಆಗುವಂಥದು, ನನ್ನ ಕೈಯಲ್ಲೇ ಎಷ್ಟೋ ಮದುವೆಗಳು ಹಾಗೆ ಹಾಳಾಗಿವೆ. ಅದಕ್ಕೆ ನಿಮ್ಮನ್ನು ದೂರುವುದಿಲ್ಲ. ಹೇಳದೆ ಮುಚ್ಚಳ ಮುಚ್ಚಿ ಕಳಿಸಿದ್ದಕ್ಕೆ ದೂರುತ್ತೇನೆ. ಈಗ ಆ ಗೇಟು, ಆ ಜನ, ಆ ಬಿಳಿ ತಲೆಗಳು ಜಗತ್ತಿನಲ್ಲಿ ಇರುವುದು ಒಂದೇ ಕಡೆ: ತಿದ್ದುವುದಕ್ಕೂ ಮುಂಚೆ ನೀವು ಇಳಿಸಿಕೊಂಡ ಕಡತದಲ್ಲಿ, ನಿಮ್ಮ ಯಾವುದೋ ಹಾರ್ಡ್ ಡಿಸ್ಕಿನಲ್ಲಿ. ಚಿತ್ರ ಮುಗಿದ ಮೇಲೆ ಜಾಗ ಖಾಲಿ ಮಾಡಲು ಅಂಥ ಕಡತಗಳನ್ನು ಅಳಿಸುತ್ತಾರೆಂದು ನನಗೂ ಗೊತ್ತು. ನನ್ನ ಫೋನುಗಳ ಅವಸರ ಅದಕ್ಕಾಗಿತ್ತು.

ಕಳೆದುಹೋದದ್ದು ಹೇಗಿರುತ್ತದೆ ಎಂಬುದು ಕನ್ನಡಿಗರಿಗೆ ಹೊಸದಲ್ಲ. ಕನ್ನಡದ ಮೊದಲ ಮಾತಿನ ಚಿತ್ರ, 1934ರ ‘ಸತಿ ಸುಲೋಚನಾ’, ಇಂದು ಒಂದು ಪ್ರತಿಯೂ ಉಳಿದಿಲ್ಲ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಆರಂಭವಾದದ್ದೇ 1964ರಲ್ಲಿ. ದೊಡ್ಡ ಪರದೆಯ ಚಿತ್ರಗಳ ಗತಿಯೇ ಹೀಗಿರುವಾಗ ದಾವಣಗೆರೆಯ ಮದುವೆ ವಿಡಿಯೊದವನ ಕ್ಯಾಸೆಟ್ಟಿಗೆ ಯಾವ ಸಂಗ್ರಹಾಲಯ? ಕಾಂತೀಯ ಟೇಪಿನಲ್ಲಿ ಇರುವುದನ್ನು 2025ರ ಒಳಗೆ ಇಳಿಸಿಕೊಳ್ಳದಿದ್ದರೆ ಬಹುಪಾಲು ಶಾಶ್ವತವಾಗಿ ಕೈತಪ್ಪಬಹುದು ಎಂದು ಯುನೆಸ್ಕೊ 2019ರಲ್ಲೇ ಎಚ್ಚರಿಸಿತ್ತು. ಟೇಪು ಹಾಳಾಗುವುದಕ್ಕಿಂತ ಮೊದಲು ಅದನ್ನು ಓಡಿಸುವ ಯಂತ್ರವೂ, ಯಂತ್ರ ಬಲ್ಲವನೂ ಇಲ್ಲವಾಗುತ್ತಾರೆ ಎಂಬುದು ಅದರ ಹುರುಳು. ನನ್ನನ್ನೇ ನೋಡಿ ಹೇಳಿದಂತಿತ್ತು.

ನನ್ನ ತಪ್ಪನ್ನೂ ಹೇಳಿಬಿಡುತ್ತೇನೆ. ಕ್ಯಾಸೆಟ್ಟಿನ ಮೇಲೆ ‘2’ ಎಂದಿದೆಯಲ್ಲ, ‘1’ ಮತ್ತು ‘3’ ಎಲ್ಲಿ ಎಂದು ನೀವು ಕೇಳಲಿಲ್ಲ. ಹೊಸ ಕ್ಯಾಸೆಟ್ಟಿಗೆ ಕೈಯಲ್ಲಿ ಹಣವಿಲ್ಲದೆ ಅವುಗಳ ಮೇಲೆ ನಾನೇ ಮದುವೆ ತುಂಬಿಸಿದೆ. ಅವುಗಳಲ್ಲೊಂದು ಇನ್ನೂ ಇದೆ. ಹೆಣ್ಣೊಪ್ಪಿಸುವ ಶಾಸ್ತ್ರ ಮುಗಿದು, ಪರದೆಯ ಮೇಲೆ ಎರಡು ಸೆಕೆಂಡು ಮಳೆ ಸುರಿದಂತಾಗಿ, ಥಟ್ಟನೆ ಮಿಲ್ಲಿನ ಮುಂದಿನ ಭಾಷಣದ ಒಂಬತ್ತು ಸೆಕೆಂಡು ಕಾಣಿಸಿಕೊಳ್ಳುತ್ತದೆ. ‘ನಮ್ಮ ಮಕ್ಕಳು ಕೇಳಿದರೆ’ ಎನ್ನುವಲ್ಲಿಗೆ ಕ್ಯಾಸೆಟ್ ಮುಗಿಯುತ್ತದೆ. ಮುಂದೇನು ಹೇಳಿದರೋ ನಾನು ಅಳಿಸಿದ್ದೇನೆ. ಹಾಗಾಗಿ ನಿಮಗೆ ಉಪದೇಶ ಮಾಡುವ ಯೋಗ್ಯತೆ ನನಗೆ ಅಷ್ಟಾಗಿ ಇಲ್ಲ. ಕೇಳುವ ಹಕ್ಕು ಮಾತ್ರ ಇದೆ.

ಕೇಳುವುದು ಇಷ್ಟು. ಮೊದಲನೆಯದು, ಮತ್ತು ಉಳಿದದ್ದೆಲ್ಲ ಆಗದಿದ್ದರೂ ಆಗಲೇಬೇಕಾದದ್ದು, ತಿದ್ದದೆ ಇಳಿಸಿಕೊಂಡ ಆ 11 ನಿಮಿಷಗಳ ಪ್ರತಿ. ಡಿವಿ ಎಂಬ ಡಿಜಿಟಲ್ ವಿಡಿಯೊ ರೂಪದಲ್ಲಿ ಇಳಿಸಿಕೊಂಡಿದ್ದರೆ ಗಂಟೆಗೆ ಸುಮಾರು 13 ಜಿಬಿ, ಅಂದರೆ ನನ್ನದು ಎರಡೂವರೆ ಜಿಬಿಯೂ ಆಗುವುದಿಲ್ಲ. ಇಂದೇ ನಿಮ್ಮ ಎಡಿಟರಿಗೆ ಹೇಳಿ, ಅದನ್ನು ಅಳಿಸದಂತೆ ಬೇರೆಡೆ ತೆಗೆದಿರಿಸಿ. ಆಮೇಲೆ ಚಿತ್ರದಲ್ಲಿ ಆ ದೃಶ್ಯವನ್ನು ಇದ್ದ ಆಕಾರದಲ್ಲೇ, ಕಪ್ಪು ಪಟ್ಟಿಗಳ ನಡುವೆ, ಚುಕ್ಕೆ ಮಸುಕುಗಳ ಸಮೇತ ಹಾಕಿ. ‘ದಾವಣಗೆರೆ, ಚಿತ್ರದುರ್ಗ ಜಿಲ್ಲೆ, ನವೆಂಬರ್ 1990’ ಎಂದು ಬರೆಯಿರಿ. ಮುಂಬಯಿಯ ಮೇಲೆ ಮುಂಬಯಿ ಎಂದು ಬರೆಯಿರಿ. ಇನ್ನೂ ಎಲ್ಲಾದರೂ ತಂತ್ರಾಂಶದಿಂದ ಮುಖ ಮೂಡಿಸಿದ್ದರೆ ಆ ದೃಶ್ಯ ಪರದೆಯ ಮೇಲಿರುವಷ್ಟು ಹೊತ್ತೂ ಹಾಗೆಂದು ತಿಳಿಸಿ, ಕೊನೆಯಲ್ಲಿ ಯಾರೂ ಓದದ ಸಣ್ಣ ಅಕ್ಷರದಲ್ಲಿ ಬೇಡ. ಚಿತ್ರವನ್ನು ಮುಂದೆ ಎಲ್ಲೇ ತೋರಿಸುವುದಿದ್ದರೂ ಹೀಗೆ ಸರಿಪಡಿಸಿದ ಪ್ರತಿಯನ್ನೇ ತೋರಿಸಿ.

ನನ್ನ ಹೆಸರು ಹಾಕುವುದು ಬಿಡುವುದು ನಿಮಗೆ ಬಿಟ್ಟದ್ದು. 1957ರ ಕೃತಿಸ್ವಾಮ್ಯ ಕಾಯ್ದೆಯ 57ನೇ ವಿಧಿಯು ತನ್ನ ಕೃತಿಯನ್ನು ವಿರೂಪಗೊಳಿಸಿದರೆ ಪ್ರಶ್ನಿಸುವ ಹಕ್ಕನ್ನು ಅದನ್ನು ಮಾಡಿದವನಿಗೆ ಕೊಟ್ಟಿದೆ, ನೋಟಿಸ್ ಕೊಡೋಣ ಎಂದು ನಮ್ಮ ಬೀದಿಯ ವಕೀಲರು ಹೇಳಿದರು. ಬೇಡವೆಂದೆ. ನೋಟಿಸ್ ಹೋದರೆ ನಿಮ್ಮವರು ಹೆದರಿ ಮೊದಲು ಅಳಿಸುವುದು ಆ ಕಡತವನ್ನೇ ಎಂಬ ಅಂಜಿಕೆ ನನಗೆ.

ಕೊರಿಯರ್ ಬೇಡ, ಒಮ್ಮೆ ನಂಬಿ ಸಾಕಾಗಿದೆ. ದಿನ ತಿಳಿಸಿ, ಪೆನ್‌ಡ್ರೈವ್ ಹಿಡಿದು ಬೆಳಗಿನ ರೈಲಿಗೆ ನಾನೇ ಬೆಂಗಳೂರಿಗೆ ಬರುತ್ತೇನೆ. ಆಕೆಯೂ ಬರುತ್ತೇನೆ ಎಂದಿದ್ದಾರೆ. ನಿಮ್ಮ ಕಚೇರಿ ಎರಡನೇ ಮಹಡಿಯಲ್ಲಿದೆ, ಲಿಫ್ಟ್ ಇಲ್ಲ ಎಂದು ಕೇಳಿದ್ದೇನೆ. ಅವರಿಗೆ ಮೊಣಕಾಲು ನೋವು. ಕೆಳಗಿನ ಮನೆಯಲ್ಲೋ ಎದುರಿನ ಹೋಟೆಲಿನಲ್ಲೋ ಒಂದು ಲ್ಯಾಪ್‌ಟಾಪ್ ತಂದು ಆ ನಲವತ್ತು ಸೆಕೆಂಡು ತೋರಿಸಿದರೆ ಸಾಕು.

ಇಂತಿ,
‘ಮಿಲ್ ಗೇಟ್ – 2’ ಕ್ಯಾಸೆಟ್ ಕೊಟ್ಟವನು
ದಾವಣಗೆರೆ